ಬಾಲ ಕತ್ತರಿಸಿದ ಕುದುರೆ

ಹಂಡೆಯಲ್ಲಿ ನೀರು ಕುದಿಯುತ್ತಿತ್ತು. ಕಡಿಯಬೇಕಾದ ಕುದುರೆ ಮಾತ್ರ ಇರಲಿಲ್ಲ.

ಹಿಂದಿನ ಸಂಜೆ ತೊಲೆಗೆನ್ ಕೈಯಾರೆ ಬಿಗಿದು ಕಟ್ಟಿದ್ದ ಕುದುರೆ. ಚೂರಿ ಹಿಡಿದೇ ಗೂಟದ ಸುತ್ತ ಒಂದು ಸುತ್ತು ಬಂದ. ಆಮೇಲೆ ತಮ್ಮ ಬೈಮುರಾತನ ಕಡೆ ತಿರುಗಿದ. ಅಂಗಳದಲ್ಲಿದ್ದ ನೆಂಟರೆಲ್ಲ ಅತ್ತಲೇ ತಿರುಗಿದರು. ವರ್ಷವಿಡೀ ಆ ಕುದುರೆಯ ಹಿಂದೆ ಅಲೆದವನು ಅವನೇ ತಾನೆ?

“ಎಲ್ಲಿ ಬಚ್ಚಿಟ್ಟಿದ್ದೀಯೋ?”

“ನಾನಲ್ಲ ಅಣ್ಣ.”

“ನೀನಲ್ದೆ ಇನ್ಯಾರು, ನಿಮ್ಮತ್ತೇನಾ? ಮಗನ್ನ ಕೊಂದ ಕುದುರೆ ಕಣೋ ಅದು. ಅದನ್ನ ಮುದ್ದು ಮಾಡೋದೊಂದು ಕೇಡು ನಿನಗೆ!”

ಬೈಮುರಾತ್ ತಲೆ ತಗ್ಗಿಸಿದ. ಮುದ್ದು ಮಾಡಿದ್ದು ಸುಳ್ಳಲ್ಲ.

ಹಿಂದಿನ ವಸಂತದಲ್ಲಿ ಅವನ ಒಬ್ಬನೇ ಮಗ ಎಲ್ದೊಸ್ ಹೊಳೆಯ ಪಾಲಾಗಿದ್ದ. ಅವನ ಕುದುರೆ, ಕುಲಾ, ಒಂದೇ ಮನೆಗೆ ಬಂತು. ಆಗ ಮನೆಯಲ್ಲಿದ್ದವಳು ಹುಡುಗನ ತಾಯಿ ಕನಿಪಾ ಮಾತ್ರ. ಕುದುರೆ ಬೆದರಿ ನಡುಗುತ್ತಿತ್ತು, ಲಗಾಮು ನೆಲದ ಮೇಲೆ ಎಳೆದಾಡುತ್ತಿತ್ತು ಎಂದಳು. ಗಂಡ ಬರುವಷ್ಟರಲ್ಲಿ ಜೀನು ಲಗಾಮು ಎರಡನ್ನೂ ಬಿಚ್ಚಿ, ತನ್ನ ಮರದ ಪೆಟ್ಟಿಗೆಗೆ ಹಾಕಿ ಬೀಗ ಜಡಿದಿದ್ದಳು. ಹೇಗಾಯಿತು ಎಂದು ಮುಲ್ಲಾ ಕೇಳಿದಾಗ ಬೈಮುರಾತ್ ಬಾಯಿ ತೆರೆಯುವ ಮೊದಲೇ ಉತ್ತರ ಕೊಟ್ಟವಳೂ ಅವಳೇ. “ಕುದುರೆ ಕೆಡವಿತು.” ಮುಲ್ಲಾ ಪ್ರಾರ್ಥನೆ ಓದಿದ; ಎಲ್ಲ ಸಾವಿಗೂ ಅವನು ಓದುವುದಿಲ್ಲ. ಹುಡುಗನನ್ನು ಅಜ್ಜನ ಪಕ್ಕದಲ್ಲೇ ಮಣ್ಣು ಮಾಡಿದರು. ಕನಿಪಾಗೆ ಉಳಿದ ಸಮಾಧಾನ ಅದೊಂದೇ.

ನಮ್ಮ ಕಝಾಕರಲ್ಲಿ ಸತ್ತವನ ಕುದುರೆಯ ಬಾಲ, ಜೂಲು ಕತ್ತರಿಸಿ ಹಿಂಡಿಗೆ ಬಿಡುತ್ತಾರೆ. ಅದನ್ನು ಮತ್ತೆ ಯಾರೂ ಹತ್ತುವುದಿಲ್ಲ. ವರ್ಷ ತುಂಬಿದಾಗ ಊರಿಗೆಲ್ಲ ಊಟ, ಹಂಡೆಗೆ ಅದೇ ಕುದುರೆ. ಬಾಲ ಕತ್ತರಿಸುವಾಗ ಬೈಮುರಾತ್ ಬೇಕೆಂದೇ ಒರಟಾಗಿ ಎಳೆದ. ಕುಲಾ ಕದಲಲಿಲ್ಲ.

ಊಟದ ಹೊತ್ತಿಗೆ ಚೆನ್ನಾಗಿ ಕೊಬ್ಬಲಿ ಎಂದು ಅವನೇ ಅದನ್ನು ಹೊಳೆಯಂಚಿನ ಹುಲ್ಲುಗಾವಲಿಗೆ ಹೊಡೆದುಕೊಂಡು ಹೋಗತೊಡಗಿದ. ಸೇಡಿಗೆಂದು ಮೇಯಿಸಿದ್ದು ಅದು. ಕುಲಾ ಮಾತ್ರ ಮೇಯುವುದು ಬಿಟ್ಟು ಹೊಳೆಯ ತಿರುವಿನಲ್ಲಿ ನಿಂತು ನೀರನ್ನೇ ನೋಡುತ್ತಿತ್ತು. ಮೊದಲು ಬೈಮುರಾತ್ ಕಲ್ಲೆಸೆದ. ಒಂದು ದಿನ ಕಲ್ಲು ಕೈಯಲ್ಲೇ ಉಳಿಯಿತು. ಅದರ ಪಕ್ಕದಲ್ಲಿ ಕುಸಿದು ಕೂತು ಅತ್ತುಬಿಟ್ಟ. ಹೆಂಡತಿಯೆದುರು ಬಾರದ ಅಳು ಕುದುರೆಯೆದುರು ಬಂತು. ಕುಲಾ ಬಗ್ಗಿ ಅವನ ಟೊಪ್ಪಿಯನ್ನು ಹಲ್ಲಿನಿಂದ ಎತ್ತಿ ಹುಲ್ಲಿಗೆಸೆಯಿತು. ಎಲ್ದೊಸ್‌ ಜೊತೆ ಆಡುತ್ತಿದ್ದ ಆಟವೇ ಅದು. ಅಳುತ್ತಿದ್ದವನಿಗೆ ನಗು ಬಂದುಬಿಟ್ಟಿತು.

ಅಲ್ಲಿಂದ ಮುಂದೆ ಅವನ ಜೇಬಿನಲ್ಲಿ ಸದಾ ಒಂದು ಉಪ್ಪಿನ ಹರಳು. ಸಂಜೆ ತಾನು ಹತ್ತಿಬಂದ ಹೆಣ್ಣುಕುದುರೆಯ ಲಗಾಮನ್ನು ಜೀನಿನ ಕೊಂಬಿಗೆ ಗಂಟು ಹಾಕಿ, ಬೆನ್ನು ತಟ್ಟಿ ಮನೆಗೆ ಅಟ್ಟುತ್ತಿದ್ದ. ಜೋತುಬಿದ್ದ ಲಗಾಮು ಕಾಲಿಗೆ ಸಿಕ್ಕಿ ಎಡವಬಾರದಲ್ಲ. ಎಲ್ದೊಸ್‌ಗೆ ಆ ಗಂಟು ಕಲಿಸಿದವನೂ ಅವನೇ. ಆಮೇಲೆ ಕುಲಾ ಜೊತೆ ನಡೆದೇ ಬರುತ್ತಿದ್ದ, ಮಗನ ವಿಷಯ ಮಾತಾಡುತ್ತ. ತನ್ನ ಕೊನೆಯ ಚಳಿಗಾಲದಲ್ಲಿ ಹುಡುಗ ಯಾಕೋ ಮಾತು ಕಡಿಮೆ ಮಾಡಿದ್ದ. ಸಾಯುವ ಹಿಂದಿನ ವಾರ ತನ್ನ ಬೆಳ್ಳಿಯ ಸೊಂಟಪಟ್ಟಿಯನ್ನು ದೊಡ್ಡಪ್ಪನ ಮಗನಿಗೆ ಸುಮ್ಮನೆ ಕೊಟ್ಟಿದ್ದ. ಎಂಥ ಧಾರಾಳಿ ಎಂದು ಜನ ಈಗಲೂ ನೆನೆಯುತ್ತಾರೆ.

“ಇಷ್ಟು ಸಾಧು ಪ್ರಾಣಿ ನೀನು. ಅವತ್ತು ಏನಾಗಿತ್ತೋ ನಿನಗೆ?” ಎಂದು ಬೈಮುರಾತ್ ಕೇಳುತ್ತಿದ್ದ. ಕುಲಾ ಉಪ್ಪು ನೆಕ್ಕುತ್ತಿತ್ತು.

ಕನಿಪಾ ಮಾತ್ರ ಅದು ಬೇಲಿಯ ಹತ್ತಿರ ಬಂದರೆ ಸಾಕು, ಮುಖ ತಿರುಗಿಸಿ ಒಳಗೆ ಹೋಗುತ್ತಿದ್ದಳು. ಒಮ್ಮೆ ಅವನು ಧೈರ್ಯ ಮಾಡಿ ಬಾಯಿಬಿಟ್ಟ.

“ಕುಲಾನ ಬಿಟ್ಟುಬಿಡೋಣ ಕನಿಪಾ. ಬೇರೆ ಕುದುರೆ ಕಡಿಯೋಣ.”

“ಯಾಕೆ ಅಂತ ಜನ ಕೇಳಲ್ವಾ?”

“ನಾನು ಕ್ಷಮಿಸಿದೀನಿ ಅಂತೀನಿ.”

“ನೀವು ಕ್ಷಮಿಸಿದೀರಿ. ನನಗೆ ಅದರ ಕಣ್ಣು ನೋಡೋಕಾಗಲ್ಲ. ಅದು ಎದುರಿಗೆ ಇರೋವರೆಗೂ ನನಗೆ ನಿದ್ದೆ ಇಲ್ಲ.”

ಹೆತ್ತವಳ ಸಂಕಟದ ಮುಂದೆ ತನ್ನದೇನು ಎಂದುಕೊಂಡ ಬೈಮುರಾತ್. ಮತ್ತೆ ಆ ಮಾತೆತ್ತಲಿಲ್ಲ.

ಈಗ ಗೂಟ ಖಾಲಿ. ಅವನಿಗೆ ಮೊದಲು ಖುಷಿಯಾಯಿತು, ಹಿಂದೆಯೇ ಭಯ. ಯಾರ ಕೈಗೆ ಸಿಕ್ಕಿತೋ ಏನೋ!

ಅಷ್ಟರಲ್ಲಿ ತೊಲೆಗೆನ್ ಮನೆಯೊಳಗಿಂದ ಕೂಗಿದ. “ಹುಡುಗನ ಜೀನೂ ಇಲ್ಲ, ಲಗಾಮೂ ಇಲ್ಲ! ಪೆಟ್ಟಿಗೆ ಬಾಯಿ ತೆರೆದು ಬಿದ್ದಿದೆ. ಕಳ್ಳ ಹತ್ತಿಕೊಂಡೇ ಹೋಗಿದಾನೆ!” ನೆಂಟರಲ್ಲಿ ಕೆಲವರು ಕುದುರೆಯೇರಿ ಪೇಟೆಯ ದಾರಿ ಹಿಡಿದರು. ತೊಲೆಗೆನ್ ಅವರ ಹಿಂದೆಯೇ ಹೊರಟ.

ಬೈಮುರಾತ್ ಹೊರಡಲಿಲ್ಲ. ಪೆಟ್ಟಿಗೆಯ ಬೀಗ ಒಡೆದಿರಲಿಲ್ಲ. ಅದರ ಕೀಲಿಕೈ ಇರುವುದು ಒಂದೇ ಕಡೆ, ಕನಿಪಾಳ ಜಡೆಯ ತುದಿಯಲ್ಲಿ.

ಅವಳು ಒಲೆಯ ಮುಂದೆ ಹಿಟ್ಟು ನಾದುತ್ತಿದ್ದಳು.

“ನೀನಾ?”

“ನಾನೇ. ಹೊಳೆಯಾಚೆ ನನ್ನ ತವರಿಗೆ ಕಳಿಸ್ದೆ. ಹುಟ್ಟಿದ ಜಾಗ, ಅದಕ್ಕೆ ದಾರಿ ಗೊತ್ತು. ಜೀನಿದ್ರೆ ಯಾರದೋ ಕುದುರೆ ಅಂತ ದಾರೀಲಿ ಯಾರೂ ಮುಟ್ಟಲ್ಲ. ನಮ್ಮಣ್ಣ ನೋಡ್ಕೋತಾನೆ.”

“ಅದನ್ನ ಕಂಡ್ರೆ ಆಗ್ತಿರ್ಲಿಲ್ವಲ್ಲ ನಿನಗೆ!”

“ರಾತ್ರಿ ಭಾವ ಚೂರಿ ಮಸೆಯೋದು ಕೇಳಿಸ್ತು. ನನ್ನ ಕೈಲಾಗ್ಲಿಲ್ಲ.”

ಬೈಮುರಾತನ ಕಣ್ಣು ತುಂಬಿ ಬಂತು. ಅಂತೂ ಇವಳೂ ಕ್ಷಮಿಸಿದಳಲ್ಲ ಎಂದುಕೊಂಡ. ಮರುಕ್ಷಣವೇ ಹೊಳೆ ನೆನಪಾಯಿತು.

“ಲಗಾಮು ಹಾಗೇ ಬಿಟ್ಯಾ? ನೀರಲ್ಲಿ ಕಾಲಿಗೆ ಸಿಕ್ಕಿಬಿಟ್ರೆ?”

ಕನಿಪಾ ನಾದುವುದನ್ನು ನಿಲ್ಲಿಸಿದಳು. ಬಾಗಿಲ ಕಡೆ ನೋಡಿ ಯಾರೂ ಇಲ್ಲವೆಂದು ಖಚಿತ ಮಾಡಿಕೊಂಡಳು.

“ಸಿಕ್ಕಲ್ಲ,” ಎಂದಳು. “ಜೀನಿನ ಕೊಂಬಿಗೆ ಕಟ್ಟಿದೀನಿ. ಅವತ್ತು ನಮ್ಮ ಎಲ್ದೊಸ್ ತಾನೇ ಇಳಿದು ಕಟ್ಟಿ ಕಳಿಸಿದ್ದು, ಅದೇ ಗಂಟು.”