ಬಿಜ್ಜರಗಿಯ ಗಾಡಿ ಮತ್ತೆ ಬಂತು

ಮತ್ತೆ ಅದೇ ಪೈಪು.

ಬಾನೆಟ್ ಎತ್ತಿದ ಮಲ್ಲಿನಾಥನಿಗೆ ಕೈಯಲ್ಲಿದ್ದ ಬೋಲ್ಟು ಬಿಗಿಯುವ ಪಾನಾ ಗೋಡೆಗೆ ಒಗೆಯಬೇಕೆನಿಸಿತು. ಅವನೇ ಹಾಕಿದ ಹೊಸ ಇಂಟರ್‌ಕೂಲರ್ ತನ್ನ ಜಾಗದಲ್ಲಿ ಗಟ್ಟಿಯಾಗಿ ಕೂತಿತ್ತು. ಅದರಿಂದ ಎಂಜಿನ್ನಿಗೆ ಹೋಗುವ ದಪ್ಪ ರಬ್ಬರ್ ಪೈಪು ಮಾತ್ರ ಬಿಗಿಹಿಡಿಯುವ ಕ್ಲಾಂಪಿನಿಂದ ಜಾರಿ ಬಾಯಿ ಬಿಟ್ಟುಕೊಂಡಿತ್ತು.

“ಮತ್ತ ಪಿಕಪ್ ಇಲ್ಲ ನೋಡು ತಮ್ಮಾ,” ಎಂದರು ಗಾಡಿಯ ಯಜಮಾನ ಶಿವಯೋಗೆಪ್ಪ. “ತಿಕೋಟಾ ದಾಟೂದ್ರಾಗ ಉಸ್ ಅಂತು, ಕರಿ ಹೊಗಿ ಉಗುಳ್ತು. ಟ್ರ್ಯಾಕ್ಟರ್‌ನವ್ರು ಸುದ್ದಾ ನಮಗ ಸೈಡ್ ಹೊಡದು ಹ್ವಾದ್ರು.”

ಮಲ್ಲಿನಾಥ ಕೈಯ ಎಣ್ಣೆ ಒರೆಸಿಕೊಂಡ. ಬಾಯಿ ತೆರೆದರೆ ಬೈಗುಳವೇ ಬರುವಂತಿತ್ತು.

ವಿಜಯಪುರದ ದೊಡ್ಡ ಗ್ಯಾರೇಜೊಂದರಲ್ಲಿ ಇನ್ನೊಬ್ಬರ ಕೈಕೆಳಗೆ ವರ್ಷಗಟ್ಟಲೆ ದುಡಿದು, ಈಚೆಗಷ್ಟೇ ತಿಕೋಟಾ ರಸ್ತೆಯಲ್ಲಿ ಮನೆಯ ಮುಂದೆಯೇ ಸ್ವಂತದ ತಗಡಿನ ಶೆಡ್ಡು ಹಾಕಿದ್ದ. ಬಿಜ್ಜರಗಿಯ ದ್ರಾಕ್ಷಿ ಬೆಳೆಗಾರ ಶಿವಯೋಗೆಪ್ಪ ಅವನ ಮೊದಲ ದೊಡ್ಡ ಗಿರಾಕಿ. ಅವರ ಡೀಸೆಲ್ ಎಸ್‌ಯುವಿಯ ಹಳೆಯ ಇಂಟರ್‌ಕೂಲರ್ ಸೋರುತ್ತಿತ್ತು. ಟರ್ಬೊ ಒತ್ತಿ ಕಳಿಸುವ ಕಾದ ಗಾಳಿಯನ್ನು ತಣ್ಣಗೆ ಮಾಡಿ ಎಂಜಿನ್ನಿಗೆ ಕೊಡುವುದು ಅದರ ಕೆಲಸ. ಅದನ್ನು ಕಿತ್ತು, ಅದಕ್ಕಿಂತ ದೊಡ್ಡದನ್ನು ಪುಣೆಯಿಂದ ತರಿಸಿ ಕೂರಿಸಿದ್ದ. ಓಡಿಸಿ ನೋಡಿದಾಗ ಗಾಡಿ ಬಾಣದಂತೆ ಹೋಗಿತ್ತು. ಇದೊಂದು ಗಾಡಿ ಹೆಸರು ತಂದರೆ ಬಿಜ್ಜರಗಿಯ ಗಾಡಿಗಳೆಲ್ಲ ತನ್ನ ಶೆಡ್ಡಿಗೇ ಬರುತ್ತವೆ ಎಂದುಕೊಂಡಿದ್ದ. ಹೆಸರು ಕೆಟ್ಟರೆ ತಗಡು ಬಿಚ್ಚಿ, ತಲೆ ತಗ್ಗಿಸಿ, ಹಳೆಯ ಮಾಲೀಕನ ಬಾಗಿಲಿಗೇ ಹೋಗಬೇಕು.

ವಾರ ತುಂಬುವುದರೊಳಗೆ ಗಾಡಿ ವಾಪಸ್ಸು ಬಂತು. ತನ್ನದೇ ತಪ್ಪಿರಬೇಕೆಂದು ಕ್ಲಾಂಪು ಬದಲಿಸಿದ. ಮತ್ತೆ ಬಂತು. ರಸ್ತೆಯ ತಗ್ಗು ದಿನ್ನೆಗಳನ್ನು ಬೈದು ಇನ್ನೂ ಗಟ್ಟಿಯಾದ ಕ್ಲಾಂಪು ಹಾಕಿದ. ಮತ್ತೂ ಬಂತು.

ಶಿವಯೋಗೆಪ್ಪ ಒಬ್ಬರೇ ಬಂದದ್ದೇ ಇಲ್ಲ. ಸಾಕ್ಷಿಗೆ ಬೇಕೆಂಬಂತೆ ಒಮ್ಮೆ ಅಣ್ಣನನ್ನು, ಒಮ್ಮೆ ಹೆಂಡತಿ ಗುರುಬಾಯಿಯನ್ನು ಕರೆತಂದರು. ಬಂದವರು ಗಾಡಿಯನ್ನು ನೋಡುವುದು ಬಿಟ್ಟು, ಕಳ್ಳನನ್ನು ನೋಡುವಂತೆ ಅವನನ್ನೇ ಅಡಿಯಿಂದ ಮುಡಿಯವರೆಗೆ ನೋಡುತ್ತಿದ್ದರು. ಗುರುಬಾಯಿಯಂತೂ ನೀರು ಕುಡಿಯುವ ನೆಪದಲ್ಲಿ ಮನೆಯೊಳಗೆ ಹೋಗಿ ಅವನ ತಾಯಿಯ ಹತ್ತಿರ ಬಹಳ ಹೊತ್ತು ಕೂತಳು. ತಾಯಿಯೋ, ಕಪಾಟಿನಲ್ಲಿ ಎತ್ತಿಟ್ಟಿದ್ದ ಹೊಸ ಕಪ್ಪುಗಳನ್ನು ತೆಗೆದು ಚಹಾ ಕೊಟ್ಟಳು. ಮಲ್ಲಿನಾಥನಿಗೆ ಮೈ ಉರಿಯಿತು.

“ಜಗಳಕ್ಕ ಬಂದವ್ರಿಗೆ ಚಾ ಯಾಕಬೇ?”

“ಮನಿಗೆ ಬಂದವ್ರನ್ನ ಹಂಗ ಕಳಸಾಕ ಬರತೈತೇನು?” ಎಂದು ತಾಯಿ ಒಳಗೆ ಹೋಗಿಬಿಟ್ಟಳು.

ಹೊರಗೆ ಶಿವಯೋಗೆಪ್ಪ ಗೋಡೆ ತಟ್ಟಿ ನೋಡುತ್ತಿದ್ದರು. “ಈ ಮನಿ ಸ್ವಂತದ್ದೋ, ಬಾಡಗಿದೋ?”

“ಸ್ವಂತದ್ದರಿ,” ಎಂದ. ಕೋರ್ಟಿಗೆ ಎಳೆಯುವ ಮುನ್ನ ಇರುವುದೇನೆಂದು ಅಳೆಯುತ್ತಿದ್ದಾರೆ, ಇನ್ನೇನು?

“ಟರ್ಬೊನ ಹೋಗೇತೇನೋ? ಹೋಗಿದ್ರ ಹೇಳು. ಖರ್ಚಾದ್ರ ಆಗ್ಲಿ, ಹೊಸಾದು ಹಾಕಿಬಿಡು.”

ಒಂದು ಹೂಂ ಅಂದಿದ್ದರೆ ಸಾಕಿತ್ತು. ತಪ್ಪು ಟರ್ಬೊದ ತಲೆಗೆ ಹೋಗುತ್ತಿತ್ತು, ಹೆಸರು ಉಳಿಯುತ್ತಿತ್ತು. ಸುಳ್ಳಿಗೆ ನಾಲಿಗೆ ಹೊರಳಲಿಲ್ಲ.

“ಟರ್ಬೊ ಚಲೋ ಐತ್ರಿ ಕಾಕಾ. ಕ್ಲಾಂಪ್ ಅಷ್ಟ ಸಡಲಾಗೇತಿ. ರೊಕ್ಕ ಏನೂ ಬ್ಯಾಡ್ರಿ.”

“ಊರಾಗ ನಾಕು ಮಂದಿ ನಿನ್ನ ಬಗ್ಗೆ ಕೇಳಾಕತ್ತಾರ. ನಾ ಏನಂತ ಹೇಳ್ಲಿ?”

ಅದು ಬೆದರಿಕೆಯಲ್ಲದೆ ಮತ್ತೇನು! ಸಾಲದ್ದಕ್ಕೆ ನಿನ್ನೆ ಮಮದಾಪುರದಿಂದ ಸೋದರಮಾವನ ಫೋನು. “ಯಾರೋ ಬಿಜ್ಜರಗಿಯವ್ರು ಬಂದು ಓಣ್ಯಾಗೆಲ್ಲಾ ನಿನ್ನ ವಿಚಾರಿಸಿ ಹೋದ್ರಲೇ. ಕುಡೀತಾನೇನು ಅಂತ ಕೇಳಿದ್ರು. ಏನ್ ಮಾಡ್ಕೊಂಡಿ?” ಕುಡಿದು ಕೆಲಸ ಮಾಡಿದನೆಂದು ಸಾಧಿಸಲು ಹೊರಟಿದ್ದಾರೆ.

ಆದರೆ ಕಳೆದ ಸಲ ಅವನೂ ಒಂದು ಕೆಲಸ ಮಾಡಿದ್ದ. ಬಿಗಿದ ಸ್ಕ್ರೂವಿನಿಂದ ಕ್ಲಾಂಪಿನವರೆಗೆ ಹಳದಿ ಬಣ್ಣದ ಒಂದು ಗೆರೆ ಎಳೆದಿದ್ದ. ಈಗ ಬಗ್ಗಿ ನೋಡಿದ. ಅರ್ಧ ಗೆರೆ ಇತ್ತ, ಅರ್ಧ ಅತ್ತ. ಸ್ಕ್ರೂವಿನ ತಲೆಯ ಮೇಲೆ ಹೊಸದಾಗಿ ಕೆರೆದ ಗುರುತು.

ಇಷ್ಟು ದಿನ ತನ್ನ ಕೈಯನ್ನೇ ತಾನು ಶಪಿಸಿಕೊಂಡದ್ದು ನೆನಪಾಗಿ ಅವನಿಗೆ ಅಳು ಬಂತು, ಅದರ ಹಿಂದೆಯೇ ಸಿಟ್ಟು. ಇವತ್ತಿನ ಸಾಕ್ಷಿ ಯಜಮಾನರ ಮಗಳು ಕಾವ್ಯಾ. ಗಾಡಿ ಓಡಿಸಿಕೊಂಡು ಬಂದವಳು ಸ್ಟೇರಿಂಗ್ ಬಿಟ್ಟು ಇಳಿಯದೆ ಕಿಟಕಿಯಿಂದ ಅವನನ್ನೇ ನೋಡುತ್ತಿದ್ದಳು. ನೋಡಲಿ.

“ಕಾಕಾ, ಇದು ತಾನ ಸಡಲಾಗಿಲ್ರಿ. ಯಾರೋ ಸ್ಕ್ರೂಡ್ರೈವರ್ ಹಾಕಿ ಬಿಚ್ಯಾರ.”

“ಯಾರಂತೀ?”

“ಅದನ್ನ ನನ್ನ ಬಾಯಾಗ ಹೇಳಸಬ್ಯಾಡ್ರಿ. ನೀವು ಹಿರ್ಯಾರದೀರಿ.” ಅವನು ಪಾನಾ ಕೆಳಗಿಟ್ಟ. “ನಿಮ್ಮ ರೊಕ್ಕ ಪೂರಾ ವಾಪಸ್ ಕೊಡ್ತೀನಿ. ಇಂಟರ್‌ಕೂಲರ್ ನಿಮ್ಮ ಗಾಡ್ಯಾಗ ಇರ್ಲಿ. ಆದ್ರ ನನ್ನ ಕೆಲಸ ಕೆಟ್ಟ ಅಂತ ಯಾರ ಮುಂದೂ ಅನ್ನಬ್ಯಾಡ್ರಿ. ಕೈ ಮುಗೀತೀನಿ, ಇನ್ನ ಮ್ಯಾಲ ಈ ಶೆಡ್ಡಿಗೆ ಬರಬ್ಯಾಡ್ರಿ.”

ಹಾಗೆಂದವನು, ಬಿಚ್ಚಿದ ಪೈಪನ್ನು ಹಾಗೇ ಬಿಟ್ಟು ಕಳಿಸಲು ಮನಸ್ಸಾಗದೆ, ಮತ್ತೆ ಕೂರಿಸಿ ಬಿಗಿದ. ಬಾನೆಟ್ ಮುಚ್ಚಿದ.

ಶಿವಯೋಗೆಪ್ಪನವರಿಗೆ ಸಿಟ್ಟೇ ಬರಲಿಲ್ಲ. ಟೋಪಿ ತೆಗೆದು ತಲೆ ಕೆರೆದುಕೊಂಡು ಕಿಟಕಿಯ ಕಡೆ ತಿರುಗಿದರು.

“ಸಾಕೇನವಾ ಕಾವ್ಯಾ? ಹುಡುಗ ಒಪ್ಪಿಗಿ ಆದ್ನೋ ಇಲ್ಲೋ ಈಗರ ಹೇಳಿಬಿಡು, ನೀ ಹೇಳ್ದಂಗ ಆ ಪೈಪ್ ಬಿಚ್ಚಿ ಬಿಚ್ಚಿ ನನ್ನ ಕೈ ಸೋತಾವ.”