ಸಖತ್ ರಿಲಯಬಲ್

'ರಿಲಯಬಲ್' ಎಂಬ ಇಂಗ್ಲಿಷ್ ವಿಶೇಷಣದ ಅರ್ಥವ್ಯಾಪ್ತಿ ಎಷ್ಟು ಎಂಬ ಗಹನವಾದ ಪ್ರಶ್ನೆ ಆ ಭಾನುವಾರ ಕತ್ರಿಗುಪ್ಪೆಯ ದರ್ಶಿನಿಯೊಂದರಲ್ಲಿ ಇತ್ಯರ್ಥಕ್ಕೆ ಬಂದಿತ್ತು. ಮಗಳು ಅರ್ಪಿತಳಿಗೆ ನೋಡಿದ್ದ ಹುಡುಗ ಮನೋಜನ ಬಗ್ಗೆ ವಿಚಾರಿಸಲು ಗಂಗಾಧರಯ್ಯನವರು ಅವನ ಗೆಳೆಯ ದೀಪಕ್‌ನನ್ನು ಕಾಫಿಗೆ ಕರೆದಿದ್ದರು. ಸಂಬಳ, ಸೈಟು, ಜಾತಕ ಎಲ್ಲವೂ ಸರಿಯಿದ್ದವು, ಉಳಿದಿದ್ದು ಇದೊಂದೇ. ಒಪ್ಪಿಗೆ ಹೇಳಬೇಕಾದ ಅರ್ಪಿತಳೂ ಜೊತೆಗೆ ಬಂದಿದ್ದಳು.

"ಹುಡುಗ ರಿಲಯಬಲ್ಲೇನಪ್ಪಾ?"

"ಏನ್ ಅಂಕಲ್ ಹಿಂಗ್ ಕೇಳ್ತೀರಾ? ಸಖತ್ ರಿಲಯಬಲ್!" ಎಂದ ದೀಪಕ್, ಗೆಳೆಯನ ಮದುವೆ ಮಾಡಿಸಿಯೇ ತೀರುವ ಹುರುಪಿನಲ್ಲಿ. "ಕಾಲೇಜಲ್ಲಿದ್ದಾಗ ನಾನು ಮನೇಲಿ ಹೇಳ್ದೆ ಗೋವಾಗೆ ಹೋಗಿದ್ದೆ. ನಮ್ಮಪ್ಪ ಮನೋಜಂಗೆ ಫೋನ್ ಮಾಡಿದ್ರು. 'ರಾತ್ರಿಯೆಲ್ಲಾ ನಮ್ಮನೇಲೇ ಓದಿದ, ಈಗ ಸ್ನಾನಕ್ಕೆ ಹೋಗಿದಾನೆ ಅಂಕಲ್' ಅಂದ. ಆಮೇಲೆ ಇಬ್ರನ್ನೂ ಎದುರಿಗೆ ಕೂರಿಸ್ಕೊಂಡು ಕೇಳಿದ್ರು. ನಾನು ತಲೆ ತಗ್ಗಿಸ್ಕೊಂಡು ಕೂತಿದ್ದೆ, ಇವನು ಮಾತ್ರ ಅಪ್ಪನ ಮುಖ ನೋಡ್ಕೊಂಡೇ ಅದನ್ನೇ ಹೇಳ್ದ. ಇವತ್ತಿಗೂ ನಮ್ಮಪ್ಪಂಗೆ ಗೊತ್ತಿಲ್ಲ!"

ಗಂಗಾಧರಯ್ಯನವರು ಮನಸಾರೆ ನಕ್ಕರು. ಗೆಳೆಯನನ್ನೇ ಬಿಟ್ಟುಕೊಡದವನು ಹೆಂಡತಿಯನ್ನು ಬಿಟ್ಟುಕೊಡುತ್ತಾನೆಯೇ? ಅರ್ಪಿತ ಮಾತ್ರ ತುಟಿಯವರೆಗೆ ತಂದಿದ್ದ ಲೋಟವನ್ನು ಕುಡಿಯದೆ ಕೆಳಗಿಟ್ಟಳು.

"ಅದನ್ನ ಹೇಳುವಾಗ ಅವರ ಮುಖ ಹೆಂಗಿತ್ತು?"

"ಮನೋಜಂದಾ? ಮಾಮೂಲಿ," ಎಂದ ದೀಪಕ್, ಅಭಿಮಾನದಿಂದ. "ಮೊನ್ನೆ ನಿಮ್ಮನೆಗೆ ಹುಡುಗಿ ನೋಡೋಕೆ ಬಂದಿದ್ವಲ್ಲಾ, ಆಗ ಹೆಂಗಿತ್ತೋ ಹಂಗೇ ಇತ್ತು."

ಆ ಸಂಬಂಧ ಮುಂದುವರಿಯಲಿಲ್ಲ.