ಗಲ್ಲಾದ ಹಿಂದಿನ ಗೋಡೆ

ಸಾಹುಕಾರನ ಹೊಸ ಪಾತ್ರೆ ಅಂಗಡಿಯ ಗೋಡೆಗೆ, ಕೊಕ್ಕೆ ಸಿಕ್ಕಿಸಲು ಅಡ್ಡಗೀರುಗಳಿರುವ ಪ್ಯಾನೆಲ್ ಕೂರಿಸುವ ಕೆಲಸ ಕಾಳಾಚಾರಿಗೇ ಬಂತು. ಹಿಂದೊಮ್ಮೆ ಅವನ ಹೆಂಡತಿಯನ್ನು ಚೊಂಬು ಕದ್ದಳೆಂದು ಬೀದಿಯಲ್ಲಿ ನಿಲ್ಲಿಸಿ ಉಗಿದಿದ್ದ ಸಾಹುಕಾರನಿಗೆ ಈಗ ಇವನ ಗುರುತೂ ಹತ್ತಲಿಲ್ಲ.

ಗಲ್ಲಾದ ಹಿಂದಿನ ಪ್ಯಾನೆಲ್‌ಗೆ ಮಾತ್ರ ಆಚಾರಿ ಗಿಡ್ಡ ಸ್ಕ್ರೂ ಹಾಕಿದ. ಅವು ಗಾರೆಯನ್ನು ಕಚ್ಚಿದವೇ ಹೊರತು ಇಟ್ಟಿಗೆ ಮುಟ್ಟಲಿಲ್ಲ. 'ಬಾಣಲೆ ತೂಗಾಕು ಮಗನೇ, ಐತೆ ನಿನ್ ತಲೆಗೆ' ಎಂದು ಹಲ್ಲು ಕಡಿದ.

ಅಂಗಡಿ ಪೂಜೆ ಮುಗಿಯಿತು. ಹೊರಟವನ ತೋಳನ್ನು ಸಾಹುಕಾರ ಹಿಡಿದುಕೊಂಡ.

"ಎಲ್ಲಿಗ್ ಹೊಂಟ್ರಿ ಆಚಾರ್ರೇ? ಮೊದಲ್ನೇ ದಿನ ಅಂಗಡಿ ಕೆಲಸ ಮಾಡ್ದೋರೇ ಗಲ್ಲಾದಲ್ಲಿ ಕೂರ್ಬೇಕು. ನಮ್ಮಪ್ಪನ ಕಾಲದ ಪದ್ಧತಿ."

"ಅಯ್ಯೋ, ಬ್ಯಾಡಿ ಸಾವ್ಕಾರ್ರೇ, ನಾನ್ಯಾಕೆ..."

"ಕೂತ್ಕಳಿ ಅಂದ್ರೆ!"

ಭುಜ ಅದುಮಿ ಕೂರಿಸಿದ ಸಾಹುಕಾರ ಒಳಗಿನ ಆಳುಗಳಿಗೆ ಕೂಗಿ ಹೇಳಿದ:

"ಲೇ, ಕಬ್ಬಿಣದ ಬಾಣಲೆಗಳ್ನ ಮೊದ್ಲು ಇಲ್ಲೇ ತಗಲಾಕ್ರೋ, ಆಚಾರ್ರ ತಲೆ ಮೇಲೆ!"